ಮುತ್ತಿನಹೊಳಲಿನ ಹಿಂಬಾಗಿಲು

ಹೊಳೆಯನ್ನೇ ನೋಡದ ಮಕ್ಕಳಿಗೆ ಹೊಳೆಯ ಪಾಠ ಮಾಡುವುದು ಎಂಥ ಪೀಕಲಾಟ ಎಂಬುದು ಬೆನಕಪ್ಪ ಮೇಷ್ಟ್ರಿಗೆ ಮೊದಲ ವಾರವೇ ಗೊತ್ತಾಗಿಹೋಯಿತು. ಅವರು ಹೊನ್ನಾಳಿಯವರು, ತುಂಗಭದ್ರೆಯಲ್ಲಿ ಈಜಿ ಬೆಳೆದವರು. ನೌಕರಿ ಸಿಕ್ಕಿದ್ದು ಮಾತ್ರ ಜಗಳೂರು ಸೀಮೆಯ ಒಣ ಹಳ್ಳಿಯಲ್ಲಿ. ಉಪನದಿ, ಅಣೆಕಟ್ಟು ಎಂದರೆ ಮಕ್ಕಳು ಆಕಳಿಸುತ್ತಿದ್ದವು. ಕೊನೆಗೆ ಮೇಷ್ಟ್ರು ಒಂದು ಊರನ್ನೇ ಕಟ್ಟಿಬಿಟ್ಟರು.

ಅದರ ಹೆಸರು ಮುತ್ತಿನಹೊಳಲು. ಅಲ್ಲಿನ ಹೊಳೆ ಆರು ತಿಂಗಳು ಪೂರ್ವಕ್ಕೆ, ಆರು ತಿಂಗಳು ಪಶ್ಚಿಮಕ್ಕೆ ಹರಿಯುತ್ತದೆ. ಬೊಮ್ಮಕ್ಕ ರಾಣಿ ಒಂಬತ್ತು ವರ್ಷ ದಂಡೆಯಲ್ಲಿ ಕೂತು ನೋಡಿ, ಖಾತ್ರಿಯಾದ ಮೇಲೆಯೇ ಕೋಟೆಗೆ ಮೊದಲ ಕಲ್ಲು ಇಡಿಸಿದಳು. ತಾಮ್ರ, ಜೇನುತುಪ್ಪ ತುಂಬಿ ಬರುವ ದೋಣಿಗಳಿಗೆ ಹುಟ್ಟೇ ಇಲ್ಲ. ಹೊಳೆ ತಂದು ಬಿಡುತ್ತದೆ, ಹೊಳೆಯೇ ಒಯ್ಯುತ್ತದೆ. ತಿರುಗುವ ಮುನ್ನ ಒಂದು ದಿನ ನೀರು ಅಲ್ಲಾಡದೆ ನಿಲ್ಲುತ್ತದೆ. ಆ ದಿನ ಊರಿನಲ್ಲಿ ಯಾರೂ ದನಿ ಎತ್ತುವುದಿಲ್ಲ. ಪ್ರತಿ ಮನೆಗೂ ಎರಡು ಬಾಗಿಲು. ಮುಂಬಾಗಿಲಿನಿಂದ ಹೋದವನು ಹೋದಂತೆ. ಹಿಂಬಾಗಿಲಿನಿಂದ ಹೋದವನು ಹೋಗಿಲ್ಲವೆಂದೇ ಅರ್ಥ. ಬರುವತನಕ ಮನೆಯವರು ದಿನವೂ ಅವನ ತಟ್ಟೆ ಹಾಕಿ ಇಡುತ್ತಾರೆ.

ಹೊನ್ನಾಳಿಯ ಮಕ್ಕಳಾಗಿದ್ದರೆ ಬಿದ್ದು ಬಿದ್ದು ನಗುತ್ತಿದ್ದವು. ಈ ಮಕ್ಕಳು ನಂಬಿದವು. ಆ ಊರಿನ ನೆಪದಲ್ಲಿ ನದಿ, ಮಣ್ಣು, ವ್ಯಾಪಾರ ಎಲ್ಲ ಕಲಿಸಿ ತಮ್ಮ ಬೆನ್ನು ತಾವೇ ತಟ್ಟಿಕೊಳ್ಳುತ್ತಿದ್ದ ಪುಣ್ಯಾತ್ಮ, ಇದು ಬರೀ ಕಥೆ ಎಂದು ಒಂದು ದಿನವೂ ಹೇಳಿರಲಿಲ್ಲ.

೧೯೭೮ರ ಏಳನೇ ತರಗತಿಯ ಪಬ್ಲಿಕ್ ಪರೀಕ್ಷೆ. ಜಗಳೂರಿನ ಕೇಂದ್ರದಲ್ಲಿ ಸಮಾಜದ ಪೇಪರು ಮುಗಿಸಿ ಮೇಷ್ಟ್ರ ಶಾಲೆಯ ತಾಜ್‌ಬೀ ಕುಣಿದುಕೊಂಡು ಹೊರಗೆ ಬಂದಳು. ನಿಮಗೆ ಗೊತ್ತಿರುವ ಒಂದು ಐತಿಹಾಸಿಕ ನಗರದ ಬಗ್ಗೆ ಬರೆಯಿರಿ ಎಂಬ ಹತ್ತು ಅಂಕದ ಪ್ರಶ್ನೆಗೆ ಎರಡು ಪುಟ ತುಂಬಿಸಿದ್ದಾಳಂತೆ. ಯಾವ ನಗರ ಎಂದು ಮೇಷ್ಟ್ರು ಕೇಳಿದರು.

"ಮುತ್ತಿನಹೊಳಲು ಸಾರ್. ನಾವು ಒಂಬತ್ತು ಮಂದೀನೂ ಅದನ್ನೇ ಬರದೀವಿ."

ಮೇಷ್ಟ್ರು ನಿಂತಲ್ಲೇ ಲೆಕ್ಕ ಹಾಕಿದರು. ಹತ್ತು ಅಂಕ ಹೋದರೆ ಹೋಗಲಿ. ಒಂದೇ ಶಾಲೆಯ ಒಂಬತ್ತು ಮಕ್ಕಳು, ಯಾವ ನಕಾಶೆಯಲ್ಲೂ ಇಲ್ಲದ ಒಂದೇ ಊರು, ಅದೇ ರಾಣಿ, ಅದೇ ದೋಣಿ. ಯಾರೋ ಹೇಳಿ ಬರೆಸಿದ್ದಾರೆ ಎನ್ನದೆ ಇನ್ನೇನು ಎನ್ನುತ್ತಾರೆ? ಸಾಮೂಹಿಕ ನಕಲು ಎಂದು ಷರಾ ಬಿದ್ದರೆ ಒಂಬತ್ತೂ ಮಕ್ಕಳು ಫೇಲು. ತಾಜ್‌ಬೀಯ ಅಪ್ಪ ಬಡೇಸಾಬರು ಊರೂರು ತಿರುಗಿ ಪಾತ್ರೆಗಳಿಗೆ ಕಲಾಯಿ ಹಾಕುವವರು. ಪಾಸಾದರೆ ಜಗಳೂರಿನ ಹೈಸ್ಕೂಲು, ಇಲ್ಲದಿದ್ದರೆ ದಾವಣಗೆರೆಯಲ್ಲಿ ಚಿಕ್ಕಮ್ಮನ ಜೊತೆ ಮಂಡಕ್ಕಿ ಭಟ್ಟಿಯ ಕೆಲಸ ಎಂದು ಮಗಳಿಗೆ ಮೊದಲೇ ಹೇಳಿದ್ದರು.

ಐದು ದಿನ ಮೇಷ್ಟ್ರು ಏನು ಮಾಡಲಿ ಎಂದು ಯೋಚಿಸುತ್ತಲೇ ಕಳೆದರು. ಆರನೇ ದಿನ ದಾವಣಗೆರೆಯ ಬಸ್ಸು ಹತ್ತಿದರು. ಉತ್ತರಪತ್ರಿಕೆಗಳನ್ನು ತಿದ್ದುತ್ತಿದ್ದುದು ಅಲ್ಲಿ. ದಾರಿಯುದ್ದಕ್ಕೂ ಒಂದು ಸುಳ್ಳನ್ನು ಬಾಯಿಪಾಠ ಮಾಡಿದರು: ಮುತ್ತಿನಹೊಳಲು ಒಂದು ಹಾಳೂರು, ಯಾವುದೋ ಹಳೆಯ ಶಾಸನದಲ್ಲಿ ಅದರ ಹೆಸರಿದೆ.

ಅಲ್ಲಿ ಮುಖ್ಯಸ್ಥರಾಗಿದ್ದವರು ನ್ಯಾಮತಿ ಕಡೆಯ ಸರ್ವಮಂಗಳಮ್ಮ ಎಂಬ ಹಿರಿಯ ಮೇಡಮ್ಮು. ಒಂಬತ್ತು ಪತ್ರಿಕೆಗಳನ್ನು ಆಗಲೇ ಬೇರೆ ಕಟ್ಟಿ ಇಟ್ಟಿದ್ದರು. ಮೇಲಿನದನ್ನು ಬಿಚ್ಚಿ ಮೇಷ್ಟ್ರ ಮುಂದೆ ಇಟ್ಟರು.

"ಈ ಊರು ಎಲ್ಲೈತ್ರೀ?"

ಅದು ತಾಜ್‌ಬೀಯ ಅಕ್ಷರ. ಉತ್ತರದ ಕೆಳಗೆ ನಕಾಶೆ ಬರೆದಿದ್ದಳು. ಹೊಳೆಗೆ ಎರಡೂ ಕಡೆ ಬಾಣದ ಗುರುತು. ದಂಡೆಯ ಮೇಲೆ ಎರಡು ಬಾಗಿಲಿನ ಒಂದು ಪುಟ್ಟ ಮನೆ. ಪಕ್ಕದಲ್ಲಿ, 'ಇದು ನಮ್ಮ ಮೇಷ್ಟ್ರ ಮನೆ.' ಬಾಯಿಪಾಠ ಮಾಡಿದ್ದೆಲ್ಲ ಮೇಷ್ಟ್ರಿಗೆ ಮರೆತುಹೋಯಿತು. ತಮ್ಮ ಮೇಲೆಯೇ ಅವರಿಗೆ ಹೇಸಿಗೆಯಾಯಿತು.

"ಎಲ್ಲೂ ಇಲ್ರಿ ಅಮ್ಮಾರೆ. ನಾನೇ ಕಟ್ಟಿದ್ದು. ಮಕ್ಕಳದೇನೂ ತಪ್ಪಿಲ್ರಿ."

ಸರ್ವಮಂಗಳಮ್ಮ ಕನ್ನಡಕ ತೆಗೆದು ಒರೆಸಿದರು. ಆ ಪ್ರಶ್ನೆಗೆ ಸೊನ್ನೆಯೇ, ಅದರಲ್ಲಿ ಎರಡು ಮಾತಿಲ್ಲ ಎಂದರು. ಆದರೆ ಹೀಗೆ ಹೇಳಿಕೊಟ್ಟದ್ದು ನಾನೇ ಎಂದು ನೀವು ಬರೆದು ಸಹಿ ಮಾಡಿದರೆ ನಕಲೆಂಬ ಮಾತು ಬರುವುದಿಲ್ಲ, ಉಳಿದದ್ದನ್ನು ತಿದ್ದಬಹುದು. ಆ ಕಾಗದ ಮೇಲಿನವರ ತನಕ ಹೋಗುತ್ತದೆ, ನಿಮಗೇ ಕುತ್ತು, ಮನೆಯವರನ್ನು ಕೇಳಿ ನಾಳೆ ಬನ್ನಿ ಎಂದೂ ಹೇಳಿದರು. ಮೇಷ್ಟ್ರು ಪೆನ್ನು ಕೇಳಿದರು.

ಆಮೇಲಿನ ಒಂದೂವರೆ ತಿಂಗಳು ಟಪ್ಪಾಲಿನವನ ಸೈಕಲ್ಲು ಕಂಡರೆ ಮೇಷ್ಟ್ರಿಗೆ ದಿಗಿಲಾಗುತ್ತಿತ್ತು. ಸೈಕಲ್ಲು ಮುಂದೆ ಹೋದರೆ ಇನ್ನಷ್ಟು ದಿಗಿಲು. ತಾವೇ ಹೇಳಿದ್ದ ಆ ನಿಂತ ನೀರಿನ ದಿನ ಹೀಗೇ ಇರುತ್ತದೇನೋ ಎಂದು ಅವರಿಗೆ ಅನ್ನಿಸಿತು.

ಕೊನೆಗೆ ಫಲಿತಾಂಶ ಬಂತು. ಎಂಟು ಮಂದಿ ಪಾಸು. ಒಬ್ಬ ಗಣಿತದಲ್ಲಿ ಬಿದ್ದಿದ್ದ, ಅದಕ್ಕೆ ಮುತ್ತಿನಹೊಳಲು ಹೊಣೆಯಲ್ಲ. ತಾಜ್‌ಬೀಗೆ ಸಮಾಜದಲ್ಲಿ ಮೂವತ್ತೇಳು. ಅದೇ ಟಪ್ಪಾಲಿನಲ್ಲಿ ಮೇಷ್ಟ್ರಿಗೆ ವರ್ಗದ ಆರ್ಡರೂ ಬಂದಿತ್ತು, ಜಿಲ್ಲೆಯ ಇನ್ನೊಂದು ತುದಿಗೆ.

ಹೊರಡುವ ಮುನ್ನ ಮಕ್ಕಳನ್ನು ಕೂರಿಸಿಕೊಂಡು, ಅಂಥ ಊರು ಎಲ್ಲಿಯೂ ಇಲ್ಲ, ತಪ್ಪಾಯಿತು ಎಂದು ಒಪ್ಪಿಕೊಂಡರು. ತಾಜ್‌ಬೀ ತಲೆ ಎತ್ತಿ ನೋಡಲೂ ಇಲ್ಲ, ಎದ್ದು ಹೋಗಿಬಿಟ್ಟಳು. ಕೆಲಸಕ್ಕೆ ಕುತ್ತು ಬಂದಾಗಲೂ ಮೇಷ್ಟ್ರಿಗೆ ಅಷ್ಟು ನೋವಾಗಿರಲಿಲ್ಲ.

ಮರುದಿನ ಬೆಳಗ್ಗೆ ಖಾಸಗಿ ಬಸ್ಸು ಬಂತು. ಮೇಷ್ಟ್ರು ಒಂದು ಕೈಯಲ್ಲಿ ಟ್ರಂಕು, ಇನ್ನೊಂದರಲ್ಲಿ ಚೀಲ ಹಿಡಿದು ಮುಂದಿನ ಬಾಗಿಲಿಗೆ ಕಾಲಿಡುವಾಗ ಯಾರೋ ಟ್ರಂಕು ಹಿಡಿದು ಜಗ್ಗಿದರು. ಬಡೇಸಾಬರು. ಹಿಂದೆ ತಾಜ್‌ಬೀ.

"ಹೊಳೆ ಎರಡೂ ಕಡೆ ಹರಿಯಲ್ಲ ಅಂತ ನನಗೆ ಮೊದ್ಲೇ ಗೊತ್ತಿತ್ರಿ ಮೇಷ್ಟ್ರೆ. ಕಲಾಯಿ ಹಾಕಾಕೆ ಹರಿಹರಕ್ಕೆ ಹೋಗ್ತಿರ್ತೀನಿ."

ಗೊತ್ತಿದ್ದೂ ಮಗಳಿಗೆ ಯಾಕೆ ಹೇಳಲಿಲ್ಲ ಎಂದು ಮೇಷ್ಟ್ರು ಕೇಳಿದರು. ಊಟಕ್ಕೆ ಕೂತಾಗ ಆಕೆ ಆ ಊರಿನ ಸುದ್ದಿ ಹೇಳುವುದನ್ನೇ ಮನೆಮಂದಿಯೆಲ್ಲ ಕಾಯುತ್ತಿದ್ದರು, ಕೆಡಿಸಲು ಮನಸ್ಸು ಬರಲಿಲ್ಲ ಎಂದರು ಬಡೇಸಾಬರು. ಸೋಮವಾರದಿಂದ ಅವಳು ಹೈಸ್ಕೂಲಿಗೆ ಹೋಗುತ್ತಾಳೆ ಎಂದೂ ಹೇಳಿದರು.

ತಾಜ್‌ಬೀ ಮೇಷ್ಟ್ರ ಕೈಯಿಂದ ಚೀಲ ಕಿತ್ತುಕೊಂಡು ಬಸ್ಸಿನ ಹಿಂಭಾಗಕ್ಕೆ ನಡೆದಳು. ಅಲ್ಲಿ ನಿಂತು ಮೊದಲ ಸಲ ಮುಖ ಎತ್ತಿ ನೋಡಿದಳು.

"ಹಿಂದಿನ ಬಾಗ್ಲಾಗೆ ಹತ್ರಿ ಸಾರ್."

ಅದು ಇಳಿಯುವವರ ಬಾಗಿಲು ಎಂದು ಕಂಡಕ್ಟರ್ ಗೊಣಗಿದ. ಮೇಷ್ಟ್ರು ಅಲ್ಲಿಂದಲೇ ಹತ್ತಿದರು.