ಲಕ್ಷ್ಮಿ ಅಂತ ಬರೆದಿದ್ದ ಪುಟ

ನಾಗಭೂಷಣ ತಗಡಿನ ಪೆಟ್ಟಿಗೆಗೆ ಕೈ ಹಾಕುವಷ್ಟರಲ್ಲಿ ಅಶ್ವತ್ಥ್ ಅದರ ಮುಚ್ಚಳದ ಮೇಲೆ ಕಾಲಿಟ್ಟು ನಿಂತ.

“ಕಾಲ್ ತೆಗಿ.”

“ತೆಗೆಯಲ್ಲ ಮಾವ.”

“ಹೊರಗೆ ನಮ್ಮವ್ವನ ಹೆಣ ಇದೆ. ಇಲ್ಲಿ ನಿನ್ನ ರೌಡಿಸಂ ಬೇಡ.”

ಹೊರಗೆ, ಅಟ್ಟೂರಿನ ಆ ಅಡ್ಡರಸ್ತೆಗೆ ಅಡ್ಡಲಾಗಿ ಶಾಮಿಯಾನ ಹಾಕಿ, ಬೆಳಗಿನ ಜಾವ ಸತ್ತ ಮುನಿಶಾಮಮ್ಮನನ್ನು ಜಗಲಿಯ ಮೇಲೆ ಗೋಡೆಗೆ ಒರಗಿಸಿ ಕೂರಿಸಿದ್ದರು. ನಾಗಭೂಷಣನಿಗೆ ಅವಳು ತಾಯಿ. ಅಶ್ವತ್ಥ್‌ಗೆ ಅಜ್ಜಿ, ಅವನ ತಾಯಿ ಹೋದ ಮೇಲೆ ಸಾಕಿದವಳೂ ಅವಳೇ. ಮಧ್ಯಾಹ್ನ ಎರಡಕ್ಕೆ ಮಣ್ಣು ಅಂತ ಹೇಳಿ ಕಳಿಸಿಯಾಗಿತ್ತು. ತಮಟೆಯವರು ಬಂದು ಬೆಂಕಿ ಹಾಕಿ ತಮಟೆ ಕಾಯಿಸುತ್ತಿದ್ದರು.

“ಸ್ಕೂಲಿಂದ ಕೃಷ್ಣಯ್ಯನವರು ಹೊರಟಿದ್ದಾರೆ,” ಅಂದ ನಾಗಭೂಷಣ, ದನಿ ತಗ್ಗಿಸಿ. “ಬರ್ತಾರೆ, ಹಾರ ಹಾಕ್ತಾರೆ, ಬುಕ್ ತಗೊಂಡ್ ಹೋಗ್ತಾರೆ. ಅಲ್ಲಿಗೆ ಮುಗೀತು.”

“ಅವ್ರನ್ನ ಕರೆದಿದ್ದು ಯಾರು?”

“ನಾನೇ. ನಾಲ್ಕು ವರ್ಷದಿಂದ ಅವ್ವ ಈ ಬೀದೀಲಿ ಬುಕ್ ಕದ್ದ ಆಯಾ. ಮಣ್ಣಿಗೆ ಹೋಗೋವಾಗಾದ್ರೂ ಅದು ಕ್ಲೋಸ್ ಆಗ್ಲಿ. ನನ್ ಮಗಳು ಅದೇ ಸ್ಕೂಲಲ್ಲಿ ಓದ್ತಿದ್ದಾಳೆ, ನೆನಪಿರ್ಲಿ.”

“ಗುಟ್ಟಾಗಿ ವಾಪಸ್ ಕೊಟ್ರೆ ಕದ್ದಿದ್ದು ನಿಜ ಅಂತ ನಾವೇ ಒಪ್ಕೊಂಡಂಗೆ. ಕಳ್ಳಿ ಅನ್ನಿಸಿ ಹೂಳಕ್ಕೆ ನಾನು ಬಿಡಲ್ಲ. ನಿನ್ನೆ ಆಸ್ಪತ್ರೇಲಿ ಕೈ ಹಿಡ್ಕೊಂಡು ಹೇಳಿದ್ಲು. ಪೆಟ್ಟಿಗೇಲಿರೋದು ನಂದು, ಕದ್ದಿದ್ದಲ್ಲ ಅಂತ.”

“ಕದ್ದಿಲ್ಲ ಅಂದ್ರೆ ಆವತ್ತು ಹೆಬ್ಬೆಟ್ಟು ಯಾಕೋ ಒತ್ತಿದ್ಲು?” ನಾಗಭೂಷಣ ಅವನ ಮುಖವನ್ನೇ ನೋಡಿದ. “ಒತ್ತಿಸಿದ್ದು ಯಾರು? ನಾನಾ?”

ಅಶ್ವತ್ಥ್‌ನ ಕಾಲು ಮುಚ್ಚಳದಿಂದ ತಾನಾಗಿಯೇ ಕೆಳಗಿಳಿಯಿತು.

*

ಆವತ್ತು ಆಫೀಸ್ ರೂಮಿನಲ್ಲಿ ಎ.ಸಿ. ಓಡುತ್ತಿತ್ತು. ಅಶ್ವತ್ಥ್ ಆಗ ಅದೇ ಸ್ಕೂಲಿನ ವ್ಯಾನಿನಲ್ಲಿ ಕ್ಲೀನರ್. ಎಂಟನೇ ಕ್ಲಾಸಿಗೇ ಓದು ಬಿಟ್ಟವನಿಗೆ ಅಂಥ ಸ್ಕೂಲಿನ ಬಾಗಿಲೊಳಗೆ ಸಿಕ್ಕಿದ್ದು ಅಷ್ಟೇ ಜಾಗ. ಅಜ್ಜಿ ಅಲ್ಲಿ ಹನ್ನೊಂದು ವರ್ಷದಿಂದ ಆಯಾ. ಕಕ್ಕಸು ತೊಳೆಯುವುದು, ಪುಟ್ಟ ಮಕ್ಕಳನ್ನು ಬಾತ್‌ರೂಮಿಗೆ ಕರೆದೊಯ್ಯುವುದು, ಲೈಬ್ರರಿಯ ಶೆಲ್ಫ್ ಒರೆಸುವುದು. ಕಾರಿಡಾರಿನಲ್ಲಿ ಸಿಕ್ಕಿದರೆ ಮೊಮ್ಮಗಳು, ನಾಗಭೂಷಣನ ಮಗಳು ಮೋನಿಷಾ, ಅವಳನ್ನು ‘ಆಂಟಿ’ ಅನ್ನಬೇಕು ಅಂತ ಮನೆಯಲ್ಲಿ ಹೇಳಿಕೊಟ್ಟಿದ್ದರು.

ಆಡಳಿತಾಧಿಕಾರಿ ಕೃಷ್ಣಯ್ಯ ಕಂಪ್ಯೂಟರಿನ ಪರದೆಯನ್ನು ಅಶ್ವತ್ಥ್ ಕಡೆ ತಿರುಗಿಸಿದರು. ಪರದೆಯಲ್ಲಿ ಅಜ್ಜಿ. ದೊಡ್ಡ ರಟ್ಟಿನ ಪುಸ್ತಕವೊಂದನ್ನು ಎದೆಗೆ ಅವುಚಿಕೊಂಡು ಎಷ್ಟೋ ಹೊತ್ತು ನಿಂತಿದ್ದಳು. ಆಮೇಲೆ ಅದು ಊಟದ ಚೀಲದೊಳಗೆ ಹೋಯಿತು.

“ಮಕ್ಕಳ ಪುಸ್ತಕ. ಯಾವ್ಯಾವ ದೇಶದ ಮಕ್ಕಳು ಹೆಂಗೆ ಬೆಳೀತಾರೆ ಅಂತ ಚಿತ್ರ ಇರೋದು. ಹಳೇದೇ, ಯಾರೋ ಪೇರೆಂಟ್ ದಾನ ಕೊಟ್ಟಿದ್ದು. ಆದ್ರೆ ರೂಲ್ ರೂಲೇ ಅಲ್ವೇನಪ್ಪಾ,” ಅಂದರು ಕೃಷ್ಣಯ್ಯ. “ಎಲ್ಲಿಟ್ಟಿದ್ದೀಯಮ್ಮ?”

“ಅದು ನಂದು ಸಾರ್.”

“ನಿಂದು ಅಂದ್ರೆ?”

“ನಂದು.”

ಅದಕ್ಕಿಂತ ಹೆಚ್ಚು ಅವಳ ಬಾಯಿಂದ ಬರಲಿಲ್ಲ, ಪುಸ್ತಕ ಎಲ್ಲಿದೆ ಅನ್ನುವುದೂ. ಕೃಷ್ಣಯ್ಯ ಇಂಗ್ಲಿಷಿನಲ್ಲಿ ಟೈಪಾಗಿದ್ದ ಹಾಳೆ ಮುಂದಿಟ್ಟರು. ಪೊಲೀಸಿಗೆ ಕೊಡಲ್ಲ, ತಪ್ಪಾಯ್ತು ಅಂತ ಹೆಬ್ಬೆಟ್ಟು ಒತ್ತಿ ಹೋಗ್ಲಿ ಅಂದರು. ಅಜ್ಜಿ ಕೈಯನ್ನು ಸೆರಗಿನೊಳಗೆ ಮುಚ್ಚಿಟ್ಟುಕೊಂಡಳು. ಆ ಕೈಯನ್ನು ಹೊರಗೆಳೆದವನು ಅಶ್ವತ್ಥ್. ನೀಲಿ ಪ್ಯಾಡಿನ ಮೇಲೆ ಹೆಬ್ಬೆರಳು ಅದುಮಿ, ಹಾಳೆಯ ಮೇಲೆ ಅದುಮಿದ. ಹಾಳೆಯಲ್ಲಿ ಏನಿತ್ತು ಅನ್ನುವುದು ಅವನಿಗೂ ಗೊತ್ತಿರಲಿಲ್ಲ. ಒಳಗೆ ಕೂಗಾಡಬೇಕು ಅನ್ನಿಸುತ್ತಿತ್ತು. ಕೂಗಿದ್ದು ಮಾತ್ರ ಹೊರಗೆ ಬಂದ ಮೇಲೆ, ಅವಳ ಮೇಲೆ.

ಬಸ್ ಸ್ಟಾಪಿನ ಹತ್ತಿರ ಅವಳು, “ಅದ್ರಾಗೆ ನೋಡೋ ಮಗಾ,” ಅಂತ ಶುರು ಮಾಡಿದಳು.

“ಮುಚ್ಚು ಬಾಯಿ,” ಅಂದ ಅವನು.

ಮುಚ್ಚಿದಳು. ನಾಲ್ಕು ವರ್ಷ ಆ ಮಾತು ಮತ್ತೆ ತೆಗೆಯಲಿಲ್ಲ.

*

ಜಗಲಿಯ ಹತ್ತಿರ ಗಲಾಟೆ ಎದ್ದಿತ್ತು. ಹೆಣದ ಬಾಯಿ ತೆರೆದುಕೊಳ್ಳಬಾರದು ಅಂತ ಯಾರೋ ಗದ್ದದಡಿಯಿಂದ ತಲೆಗೆ ಬಿಳಿ ಬಟ್ಟೆ ಬಿಗಿದಿದ್ದರು. ಗಂಗರತ್ನಮ್ಮ ಅದನ್ನು ಬಿಚ್ಚುತ್ತಿದ್ದಳು. ಎಪ್ಪತ್ತರ ಹತ್ತಿರದ ಮುದುಕಿ, ಸತ್ತವಳಿಗೆ ಚಿಕ್ಕಂದಿನ ಜೊತೆಗಾತಿ.

“ಬ್ಯಾಡ. ಇವ್ಳ ಬಾಯಿಗೆ ಬಟ್ಟೆ ಕಟ್ಬ್ಯಾಡಿ.”

“ಎಲ್ರಿಗೂ ಕಟ್ಟೋದೇ ಅಲ್ವೇನಮ್ಮ?” ಅಂದಳು ಪಕ್ಕದ ಮನೆಯ ರತ್ನವ್ವ.

“ಎಲ್ರಿಗೂ ಕಟ್ಕಳಿ. ನಂಗೂ ಕಟ್ಟಿ. ಇವ್ಳಿಗೆ ಬ್ಯಾಡ. ಇವ್ಳಿಗೆ ಅದು ಕಂಡ್ರೆ ಆಗ್ತಿರ್ಲಿಲ್ಲ.”

“ಹೆಣಕ್ಕೆ ಏನ್ ಆಗುತ್ತೆ, ಏನ್ ಆಗಲ್ಲ…”

“ಇಂಗೇ ಓಗ್ಲಿ ಬಿಡೇ. ಬಾಯಿ ಬಿಟ್ಕೊಂಡ್ ಓದ್ರೆ ನಿಂದೇನ್ ಗಂಟು ಓಗ್ತದೆ?”

ಬಟ್ಟೆ ಬಿಚ್ಚಿದ ಮೇಲೆ ಮುನಿಶಾಮಮ್ಮನ ಬಾಯಿ ಒಂದಿಷ್ಟೇ ತೆರೆದುಕೊಂಡಿತು, ಏನೋ ಹೇಳಲು ಹೊರಟವಳ ಹಾಗೆ. ಅಶ್ವತ್ಥ್ ಕಣ್ಣು ಬೇರೆ ಕಡೆ ತಿರುಗಿಸಿದ.

ಅಷ್ಟರಲ್ಲಿ ಬಿಳಿ ಕಾರು ಬಂದು ಶಾಮಿಯಾನದ ಹಗ್ಗಕ್ಕೆ ಮೂತಿ ತಾಗಿಸಿ ನಿಂತಿತು. ಕೃಷ್ಣಯ್ಯ ಇಳಿದರು. ಹಾರ ಹಾಕಿ, ಕೈಮುಗಿದು, ಕಣ್ಣು ಮುಚ್ಚಿ ನಿಂತರು. ಇಪ್ಪತ್ತು ಎಣಿಸುವಷ್ಟು ಹೊತ್ತು. ನಾಗಭೂಷಣ ಒಳಗಿನಿಂದ ಆ ದೊಡ್ಡ ಪುಸ್ತಕ ತಂದ. ಹಳೇ ಟವೆಲ್ಲಿನಲ್ಲಿ ಸುತ್ತಿಟ್ಟಿದ್ದ ಪುಸ್ತಕ.

“ತಪ್ಪು ತಿಳ್ಕೋಬೇಡಿ ಸರ್. ಇದು ನಿಮ್ಮದು.”

“ಇವತ್ತೇ ಕೊಡ್ಬೇಕು ಅಂತ ಏನಿರ್ಲಿಲ್ಲ,” ಅನ್ನುತ್ತಲೇ ಕೃಷ್ಣಯ್ಯ ಕೈ ಚಾಚಿದರು.

ಅಶ್ವತ್ಥ್ ನಡುವೆ ಬಂದು ಪುಸ್ತಕ ಕಿತ್ತುಕೊಂಡ. ತಮಟೆಯವರು ತಲೆಯೆತ್ತಿದರು. ಬೆಂಚಿನ ಮೇಲಿದ್ದ ಇಬ್ಬರು ಗಂಡಸರು ಎದ್ದು ನಿಂತರು.

“ಅಶ್ವತ್ಥ್.” ನಾಗಭೂಷಣ ಅವನ ತೋಳು ಹಿಡಿದ. “ಇಲ್ಲಿ ಬೇಡ.”

“ಎಲ್ಲಿ ಬೇಕು? ಆಫೀಸ್ ರೂಮಲ್ಲಾ?” ಅಶ್ವತ್ಥ್ ತೋಳು ಕೊಡವಿದ. “ಯಾಕೆ ತಗೊಂಡ್ಲು ಅಂತ ಒಬ್ಬ ನನ್ಮಗನೂ ಇದನ್ನ ತೆಗೆದು ನೋಡಿಲ್ಲ. ನೀನು ನೋಡಿದ್ಯಾ? ಸಾರ್ ನೀವು ನೋಡಿದ್ರಾ? ನಾನೂ ನೋಡಿಲ್ಲ. ಈಗ ನೋಡಣ.”

“ನೋಡಪ್ಪ, ನಾನೂ ಅಲ್ಲಿ ಸಂಬಳಕ್ಕಿರೋನೇ…” ಅಂದರು ಕೃಷ್ಣಯ್ಯ.

“ನಿಂತ್ಕೊಳ್ಳಿ ಸಾರ್. ಎಲ್ಲೂ ಹೋಗ್ಬೇಡಿ.”

ಅವನು ಪುಸ್ತಕವನ್ನು ಜಗಲಿಯ ಮೇಲೆ, ಅಜ್ಜಿಯ ಮೊಣಕಾಲ ಪಕ್ಕದಲ್ಲಿ ಇಟ್ಟು ತೆರೆದ. ಹಿಮದ ಮೇಲೆ ನಾಯಿ ಬಂಡಿಯಲ್ಲಿ ಕೂತ ಹುಡುಗ. ಮರಳಿನಲ್ಲಿ ಒಂಟೆಯ ಹಗ್ಗ ಹಿಡಿದ ಅಣ್ಣ ತಮ್ಮ. ದೋಣಿಯಲ್ಲೇ ಪಾಠ ಕೇಳುವ ಮಕ್ಕಳು. ಎಲ್ಲರೂ ನಗುತ್ತಿದ್ದರು. ಪುಟ ತಿರುವುತ್ತಿದ್ದವನ ಕೈಯಲ್ಲಿ ಪುಸ್ತಕ ಒಂದು ಕಡೆ ತಾನಾಗಿಯೇ ಅಗಲವಾಗಿ ಬಿಚ್ಚಿಕೊಂಡಿತು. ಅಲ್ಲಿ ಹೊಲಿಗೆ ಸಡಿಲವಾಗಿತ್ತು. ನಾಲ್ಕು ವರ್ಷ ಅದೊಂದೇ ಜಾಗ ತೆರೆದು ತೆರೆದು ಹಾಗಾಗಿತ್ತು.

ಆ ಪುಟದಲ್ಲಿ ದ್ರಾಕ್ಷಿ ಚಪ್ಪರ. ಚಪ್ಪರದಡಿ ಹತ್ತು ವರ್ಷದ ಕಪ್ಪು ಹುಡುಗಿಯೊಬ್ಬಳು ಬುಟ್ಟಿ ಹೊತ್ತು ನಿಂತಿದ್ದಳು. ಕತ್ತಿನಲ್ಲಿ ಕೆಂಪು ಬಟ್ಟೆ. ಅವಳು ಮಾತ್ರ ನಗುತ್ತಿರಲಿಲ್ಲ.

ಗಂಗರತ್ನಮ್ಮ ಬಗ್ಗಿದಳು. ಕನ್ನಡಕವಿಲ್ಲದ ಕಣ್ಣನ್ನು ಪುಟಕ್ಕೆ ಇನ್ನೂ ಹತ್ತಿರ ತಂದಳು.

“ಮುನಿಶಾಮಿ,” ಅಂದಳು.

“ಏನು?”

“ಇದು ಮುನಿಶಾಮಿ ಕಣೋ, ನಿಮ್ಮಜ್ಜಿ. ಕೈ ನೋಡು.”

ಬುಟ್ಟಿ ಹಿಡಿದ ಕೈಯ ಮೇಲೆ ಹಚ್ಚೆ ಇತ್ತು. ಚೇಳು. ಒಂದು ಕಡೆ ನಾಲ್ಕು ಕಾಲು, ಇನ್ನೊಂದು ಕಡೆ ಮೂರೇ. ಗಂಗರತ್ನಮ್ಮ ಹೆಣದ ಬಲಗೈ ಎತ್ತಿ ಪುಟದ ಪಕ್ಕಕ್ಕೆ ತಂದಳು. ಸುಕ್ಕಿನ ನಡುವೆ ಹಸಿರಾಗಿ ಹರಡಿದ್ದ ಅದೇ ಚೇಳು. ಅಲ್ಲೂ ಒಂದು ಕಡೆ ಮೂರೇ ಕಾಲು.

“ಹಚ್ಚೆಯೋಳು ಚುಚ್ಚೋವಾಗ ಅತ್ಕೊಂಡು ಕೈ ಕಿತ್ಕೊಂಡ್ಬಿಟ್ಲು. ಒಂದ್ ಕಾಲು ಉಳ್ಕೊಂತು. ನಾನು ಪಕ್ದಾಗೇ ಕುಂತಿದ್ದೆ.”

ಜಗಲಿಯಿಂದ ದೂರ ನಿಂತಿದ್ದ ಮೋನಿಷಾಳನ್ನು ಅಶ್ವತ್ಥ್ ಕರೆದ.

“ಬಾ ಇಲ್ಲಿ. ಏನ್ ಬರೆದವ್ರೆ ಓದಿ ಕನ್ನಡದಲ್ಲಿ ಹೇಳು.”

ಮೋನಿಷಾ ಅಪ್ಪನ ಮುಖ ನೋಡಿದಳು. ನಾಗಭೂಷಣ ಪುಟವನ್ನೇ ನೋಡುತ್ತಿದ್ದ. ಅವಳು ಸಾಲಿನ ಮೇಲೆ ಬೆರಳಿಟ್ಟಳು.

“ಇವಳ ಹೆಸರು ಲಕ್ಷ್ಮಿ. ಇವಳ ಮನೆ ಭಾರತದಲ್ಲಿ. ಬೆಳಿಗ್ಗೆ ಲಕ್ಷ್ಮಿ ಅಪ್ಪನ ತೋಟದಲ್ಲಿ ದ್ರಾಕ್ಷಿ ಬಿಡಿಸ್ತಾಳೆ.”

“ಯಾರಪ್ಪನ ತೋಟ?” ಅಂದಳು ಗಂಗರತ್ನಮ್ಮ. “ಅವ್ರಪ್ಪ ಅದೇ ತೋಟದಾಗೆ ಕೂಲಿ. ಲಕ್ಷ್ಮಿ ಅಂತೆ.”

“ಆಮೇಲೆ ಸ್ಕೂಲಿಗೆ ಹೋಗ್ತಾಳೆ. ಅವಳಿಗೆ ಕತೆಪುಸ್ತಕ ಅಂದ್ರೆ ತುಂಬ ಇಷ್ಟ. ದೊಡ್ಡವಳಾದ ಮೇಲೆ ಟೀಚರ್ ಆಗ್ಬೇಕು ಅಂತ ಆಸೆ.” ಮೋನಿಷಾ ಬೆರಳನ್ನು ಕೊನೆಯ ಸಾಲಿಗೆ ಇಳಿಸಿದಳು. “ಬಿಸಿಲಿಗೆ ಅಂತ ಕತ್ತಿಗೆ ಚೆಂದದ ಕೆಂಪು ಸ್ಕಾರ್ಫ್ ಕಟ್ಟಿಕೊಂಡಿದ್ದಾಳೆ.”

ಗಂಗರತ್ನಮ್ಮ ನಕ್ಕಳು. ಸಾವಿನ ಮನೆಯಲ್ಲಿ ಯಾರೂ ನಗದಂಥ ನಗು.

“ಅದು ಬಾಯಿ ಬಟ್ಟೆ ಕಣವ್ವ. ಕೀಳೋ ಹುಡುಗ್ರು ದ್ರಾಕ್ಷಿ ತಿನ್ಬಾರ್ದು ಅಂತ ಮೇಸ್ತ್ರಿ ಬೆಳಿಗ್ಗೆ ಕಟ್ಟೋನು, ಸಾಯಂಕಾಲ ಬಿಚ್ಚೋನು. ನಂಗೂ ಕಟ್ತಿದ್ದ. ಅಂಗೇ ಇಡೀ ದಿನ. ಬಾಯೆಲ್ಲ ಬೆಂದೋಗೋದು. ಆವತ್ತು ಬಿಳೀ ದೊರೆ, ದೊರೆಸಾನಿ ಇಬ್ರು ಕ್ಯಾಮ್ರಾ ತಂದಿದ್ರು. ಮೊಕ ಕಾಣಲ್ಲ ಅಂತ ಮೇಸ್ತ್ರಿ ಇವ್ಳ ಬಟ್ಟೆ ಕತ್ತಿಗೆ ಇಳಿಸ್ದ. ಪೋಟ ತೆಗೆದ್ರು. ಅವ್ರು ಆ ಕಡೆ ಓದ್ರು, ಇವ್ನು ತಿರ್ಗ ಬಾಯಿಗೆ ಕಟ್ದ.”

ರತ್ನವ್ವ ಕೈಯಲ್ಲಿದ್ದ ಬಿಳಿ ಬಟ್ಟೆಯನ್ನು ಮೆಲ್ಲಗೆ ಬೆನ್ನ ಹಿಂದೆ ಸರಿಸಿದಳು.

*

ಆಸ್ಪತ್ರೆಯಲ್ಲಿ ಅಜ್ಜಿ ಅಶ್ವತ್ಥ್‌ಗೆ ಹೇಳಿದ್ದು ಎರಡೇ ಮಾತು. ಆಮೇಲೆ ಕಣ್ಣು ಮುಚ್ಚಿ ಬಲಗೈಯನ್ನು ಅವನ ಕಡೆ ಚಾಚಿ ಇಟ್ಟುಕೊಂಡಿದ್ದಳು, ಚೇಳು ಮೇಲೆ ಬರುವ ಹಾಗೆ. ಡ್ರಿಪ್ಪಿನ ಸೂಜಿ ನೋಯುತ್ತಿದೆಯೇನೋ ಅಂದುಕೊಂಡು ಅವನು ಆ ಕೈಯನ್ನು ಕಂಬಳಿಯೊಳಗೆ ಸೇರಿಸಿದ್ದ. ಅವಳು ಮತ್ತೆ ಹೊರಗೆ ತೆಗೆದಿದ್ದಳು. ಅವನು ಮತ್ತೆ ಸೇರಿಸಿದ್ದ.

*

“ನಮಗೆ ಇದು ಗೊತ್ತಿರ್ಲಿಲ್ಲ,” ಅಂದರು ಕೃಷ್ಣಯ್ಯ. “ಆಯಮ್ಮ ಒಂದು ಮಾತು ಹೇಳಿದ್ರೆ…”

ಅಶ್ವತ್ಥ್ ಒಂದು ಹೆಜ್ಜೆ ಮುಂದಿಟ್ಟ. ಮುಷ್ಟಿ ಬಿಗಿದಿತ್ತು. ನಾಗಭೂಷಣ ಅಡ್ಡ ಬಂದ. ಅವನ ಕಣ್ಣೂ ಕೆಂಪಾಗಿತ್ತು.

“ಹೊಡೀಬೇಡ ಕಣೋ. ಅವ್ವನ ಮುಂದೆ ಬೇಡ.”

“ಹೇಳಕ್ಕೆ ಬಂದ್ಲು ಸಾರ್,” ಅಂದ ಅಶ್ವತ್ಥ್. “ನನ್ಗೆ ಹೇಳಕ್ಕೆ ಬಂದ್ಲು. ನಾನೇ ಬಾಯಿ ಮುಚ್ಚಿಸ್ದೆ.”

ತಮಟೆ ಕಾಯಿಸುತ್ತಿದ್ದ ಬೆಂಕಿ ಚಿಟಗುಟ್ಟುತ್ತಿತ್ತು.

“ಬುಕ್ ನೀವೇ ಇಟ್ಕೊಳ್ಳಿ ಬಿಡಿ,” ಅಂದರು ಕೃಷ್ಣಯ್ಯ. “ರಿಜಿಸ್ಟರ್‌ನಲ್ಲಿ ಏನೋ ಒಂದು ಬರ್ಕೋತೀವಿ. ಕಳೆದುಹೋಯ್ತು ಅಂತ.”

“ಯಾಕೆ ಕಳೀಬೇಕು?”

ಮಣ್ಣಿನ ಶಾಸ್ತ್ರಕ್ಕೆ ತಂದ ಹೊಸ ಗಡಿಗೆಗೆ ಹಚ್ಚಲು ತಟ್ಟೆಯಲ್ಲಿ ಕುಂಕುಮ ಕಲಸಿಟ್ಟಿದ್ದರು. ಅಶ್ವತ್ಥ್ ತಟ್ಟೆಯನ್ನು ಜಗಲಿಯ ಮೇಲೆ ತಂದಿಟ್ಟ. ಅಜ್ಜಿಯ ಮುಂದೆ ಮಂಡಿಯೂರಿ ಬಲಗೈ ಹಿಡಿದ. ಬೆರಳುಗಳು ಬಿಗಿದುಕೊಂಡಿದ್ದವು. ಆಫೀಸ್ ರೂಮಿನಲ್ಲಿ ಎಳೆದ ಹಾಗೆ ಎಳೆಯಲಿಲ್ಲ. ಎರಡೂ ಅಂಗೈ ನಡುವೆ ಇಟ್ಟುಕೊಂಡು ಉಜ್ಜಿದ. ಎಷ್ಟೋ ಹೊತ್ತು ಉಜ್ಜಿದ. ಅವಸರ ಮಾಡಿ ಅಂತ ಯಾರೂ ಹೇಳಲಿಲ್ಲ. ಕೊನೆಗೆ ಹೆಬ್ಬೆರಳು ಅಷ್ಟು ಬಿಡಿಸಿಕೊಂಡಿತು.

“ಮೋನಿ, ಲಕ್ಷ್ಮಿ ಅಂತ ಎಲ್ಲಿ ಬರೆದೈತೆ?”

ಮೋನಿಷಾ ತೋರಿಸಿದಳು. ಅವನು ಅಜ್ಜಿಯ ಹೆಬ್ಬೆರಳನ್ನು ಕುಂಕುಮದಲ್ಲಿ ಅದ್ದಿ, ಆ ಹೆಸರಿನ ಮೇಲೆ ಒತ್ತಿದ. ಹೆಸರು ಮುಚ್ಚಿಹೋಯಿತು. ಅಂಚಿನಲ್ಲಿ ಇಷ್ಟು ಜಾಗ ಉಳಿದಿತ್ತು. ಮೋನಿಷಾ ಯಾರನ್ನೂ ಕೇಳದೆ ಬ್ಯಾಗಿನಿಂದ ಪೆನ್ ತಂದು ಅಲ್ಲಿ ಬರೆದಳು: ಮುನಿಶಾಮಮ್ಮ, ಅಟ್ಟೂರು. ಆಮೇಲೆ ಅದರ ಕೆಳಗೆ ಸಣ್ಣಕ್ಷರದಲ್ಲಿ, ನಮ್ಮ ಅಜ್ಜಿ.

ಅಶ್ವತ್ಥ್ ಪುಸ್ತಕ ಎತ್ತಿ ಕೃಷ್ಣಯ್ಯನವರ ಕೈಗೆ ಇಟ್ಟ.

“ತಗೊಂಡ್ ಹೋಗಿ. ಎಲ್ಲಿತ್ತೋ ಅಲ್ಲೇ ಇಡಿ, ಮಕ್ಕಳು ನೋಡ್ಲಿ. ಹಿಂದೆ ಒತ್ತಿದ್ದು ನಾನು ಒತ್ತಿಸಿದ್ದು. ಇದು ಅವಳ ಸೈನು.”

ಕೃಷ್ಣಯ್ಯ ಪುಸ್ತಕ ಮುಚ್ಚಲು ಹೋದರು.

“ಇನ್ನೂ ಹಸೀ ಐತೆ ಸ್ವಾಮಿ,” ಅಂದಳು ಗಂಗರತ್ನಮ್ಮ. “ಮುಚ್ಚಿದ್ರೆ ಅಳಿಸೋಗ್ತದೆ.”

ಅವರು ಅದನ್ನು ಎರಡೂ ಅಂಗೈ ಮೇಲೆ ತೆರೆದೇ ಹಿಡಿದುಕೊಂಡರು. ತಮಟೆ ಶುರುವಾಯಿತು. ಹೆಂಗಸರು ಸ್ನಾನದ ನೀರು ತಂದರು. ಕೃಷ್ಣಯ್ಯ ಶಾಮಿಯಾನದ ಹಗ್ಗದಡಿ ಬಗ್ಗಿ ದಾಟಿ ಕಾರಿನವರೆಗೆ ಹಾಗೇ ನಡೆದರು. ಕಾರಿನ ಬಾಗಿಲು ತೆಗೆಯಲು ಅವರಿಗೆ ಕೈ ಇರಲಿಲ್ಲ. ಬಿಸಿಲಿನಲ್ಲಿ, ತೆರೆದ ಪುಟದ ಮುಂದೆ ತಲೆ ಬಗ್ಗಿಸಿ, ಹೆಬ್ಬೆಟ್ಟು ಒಣಗುವುದನ್ನೇ ಕಾಯುತ್ತಾ ನಿಂತರು.