ಮಗ ಮಾಡಿದ ಮೂರು ಫೋನು

ಏಳು ವರ್ಷ ಮೂರು ತಿಂಗಳ ಹಿಂದೆ ಬೈಂಡರಮ್ಮನ ಗಂಡ ಓಡಿಸುತ್ತಿದ್ದ ಲಾರಿ ಹೊಳೆಗೆ ಬಿತ್ತು. ಲಾರಿ ಸಿಕ್ಕಿತು, ಗಂಡ ಸಿಗಲಿಲ್ಲ. ಹೆಣವಾದರೂ ಸಿಕ್ಕಿದ್ದರೆ ಒಮ್ಮೆ ಎದೆ ಬಡಿದುಕೊಂಡು ಅತ್ತು ಮುಗಿಸಬಹುದಿತ್ತು; ಪಾಪ, ಅವಳಿಗೆ ಆ ಭಾಗ್ಯವೂ ಇರಲಿಲ್ಲ. ಅತ್ತ ವಿಧವೆಯೂ ಅಲ್ಲ, ಇತ್ತ ಸಂಸಾರಸ್ಥೆಯೂ ಅಲ್ಲ. ಪುಸ್ತಕ ಕಟ್ಟುವ ಅಂಗಡಿಯಲ್ಲಿ ಹಾಳೆ ಮಡಿಸಿ, ಹೊಲಿದು, ಬೆನ್ನಿಗೆ ಅಂಟು ಬಳಿಯುತ್ತಲೇ ಮೂವತ್ತೆಂಟು ತುಂಬಿತು.

ಅದೇ ಅಂಗಡಿಯಲ್ಲಿ ಕಾಗದ ಕತ್ತರಿಸುವ ಮೇಸ್ತ್ರಿ ಅವಳನ್ನು ಮದುವೆಯಾಗಲು ಕಾದು ಕೂತಿದ್ದ. ಮಾತು ಕಮ್ಮಿ, ಮನಸ್ಸು ಬಂಗಾರ. ಆದರೆ ಮೊದಲು ವಿಚ್ಛೇದನ ಆಗಬೇಕಲ್ಲ! ವಕೀಲಮ್ಮ ಬೆರಳು ಮಡಿಸುತ್ತಾ ಕೇಳಿದ್ದರು: "ಹೊಡೀತಿದ್ನಾ? ಇಲ್ಲ. ಇನ್ನೊಬ್ಬಳನ್ನ ಇಟ್ಕೊಂಡಿದ್ನಾ? ಇಲ್ಲ. ಬೇಕಂತಲೇ ಬಿಟ್ಟುಹೋದ್ನಾ? ಅದೂ ಇಲ್ಲ. ಹಾಗಾದ್ರೆ ನಮಗಿರೋದು ಒಂದೇ ದಾರಿ. ಅವನು ಬದುಕಿದ್ದಾನೆ ಅನ್ನೋ ಸುದ್ದಿ ಏಳು ವರ್ಷದಿಂದ ಸ್ವಂತದವರ ಕಿವಿಗೆ ಬಿದ್ದಿರಬಾರದು. ಹೆತ್ತ ತಾಯಿನೇ ಬಂದು ಹೇಳಲಿ."

ಆ ಸುದ್ದಿ ಅತ್ತೆಯ ಕಿವಿಗೆ ಬಿದ್ದಿತ್ತು. ಬೀಳಿಸಿದವಳು ಬೈಂಡರಮ್ಮನೇ.

ಗಂಡ ಕಾಣೆಯಾದ ಮೂರನೆಯ ವರ್ಷ ಅತ್ತೆ ಊಟ ಬಿಟ್ಟು ಗೋಡೆಗೆ ಮುಖ ಮಾಡಿ ಮಲಗಿಬಿಟ್ಟಿದ್ದಳು. ಡಾಕ್ಟರು ಕೈಚೆಲ್ಲಿದರು. ಕಣ್ಣೆದುರೇ ಮುದುಕಿ ಸವೆಯುವುದನ್ನು ನೋಡಲಾರದೆ ಬೈಂಡರಮ್ಮ ಮೇಸ್ತ್ರಿಗೆ ಕೈಮುಗಿದಳು. ಆಗಿನ್ನೂ ಅವರಿಬ್ಬರ ನಡುವೆ ಏನೂ ಇರಲಿಲ್ಲ. ಅವಳು ಬರೆದುಕೊಟ್ಟ ಚೀಟಿಯನ್ನು ಅವನು ಮಗನ ಹಾಗೆ ಅತ್ತೆಗೆ ಫೋನಿನಲ್ಲಿ ಓದಿದ: "ಅಮ್ಮಾ, ನಾನು ಚೆನ್ನಾಗಿದ್ದೀನಿ. ಬಂದೇ ಬರ್ತೀನಿ. ಅಲ್ಲೀವರೆಗೂ ಅವಳು ಜೋಪಾನ." ಅತ್ತೆಯ ಕಿವಿ ಮೊದಲೇ ಮಂದ, ದನಿ ಮಗನದೇ ಅಂದುಕೊಂಡಳು. ಅವತ್ತೇ ಎದ್ದು ಕೂತು ಹೊಟ್ಟೆತುಂಬ ಉಂಡಳು. ಆಮೇಲೂ ಎರಡು ಸಲ, ಅವಳು ಮಂಕಾದಾಗೆಲ್ಲ, ಹೀಗೇ ಫೋನು ಬಂತು. ಎಂಥ ಹುಚ್ಚು ಕೆಲಸ! ಆದರೆ ಆ ಹುಚ್ಚಿನಿಂದಲೇ ಒಂದು ಜೀವ ಉಳಿದಿತ್ತು, ಯಾರನ್ನು ಬೈಯೋಣ?

ವಕೀಲಮ್ಮನ ಮುಂದೆ ಬಾಯಿ ಬಿಡುವ ಧೈರ್ಯ ಅವಳಿಗಾಗಲಿಲ್ಲ. ಅತ್ತೆಯ ಹತ್ತಿರ ಮಾತ್ರ ಅಂದಳು: "ಅತ್ತೆ, ಮಗ ಏಳು ವರ್ಷದಿಂದ ಬಂದಿಲ್ಲ ಅಂತ ಅಷ್ಟೇ ಹೇಳಿ. ಫೋನಿನ ವಿಷಯ ಎತ್ತಲೇಬೇಡಿ."

"ಹೇಳ್ತೀನಿ ಬಿಡೇ. ಆ ಬೇಜವಾಬ್ದಾರಿ ನನ್ಮಗನಿಗೋಸ್ಕರ ನೀನ್ಯಾಕೆ ಮುದುಕಿ ಆಗ್ಬೇಕು? ಬರಲಿ ಅವನು, ಚೆನ್ನಾಗಿ ಉಗೀತೀನಿ."

ಇಂಥ ಅತ್ತೆ ಎಷ್ಟು ಜನಕ್ಕೆ ಸಿಕ್ಕಾಳು, ಹೇಳಿ!

ಕೋರ್ಟಿನಲ್ಲಿ ಅತ್ತೆ ಕಟಕಟೆ ಹತ್ತಿ, ಸತ್ಯವನ್ನೇ ಹೇಳುತ್ತೇನೆ ಎಂದು ಪ್ರಮಾಣ ಮಾಡಿದಳು. "ಮಗ ಏಳು ವರ್ಷದಿಂದ ಬಂದಿಲ್ಲ ಸ್ವಾಮಿ."

"ಕಾಗದ ಬಂದಿದೆಯಾ? ಫೋನು?" ನ್ಯಾಯಾಧೀಶರು ಬರೆಯುತ್ತಲೇ ಕೇಳಿದರು.

ಅತ್ತೆ ಸೊಸೆಯ ಮುಖ ನೋಡಿದಳು. "ಪ್ರಮಾಣ ಮಾಡಿ ಸುಳ್ಳು ಹೇಳಿದ್ರೆ ನನ್ನ ಮಗನ ಆಯುಸ್ಸಿಗೇ ಕುತ್ತು, ಸ್ವಾಮಿ. ಮೂರು ಸಲ ಫೋನ್ ಮಾಡಿದ್ದ. ಬಂದೇ ಬರ್ತೀನಿ, ಅಲ್ಲೀವರೆಗೂ ಅವಳು ಜೋಪಾನ ಅಂದ."

ವಕೀಲಮ್ಮ ತಬ್ಬಿಬ್ಬಾದರು. ಸಾವರಿಸಿಕೊಂಡು, ಹಾಗಾದರೆ ಹೆಂಡತಿಯನ್ನು ಬಿಟ್ಟುಹೋದ ಎಂಬ ಕಾರಣಕ್ಕೆ ಅರ್ಜಿ ತಿದ್ದುತ್ತೇವೆ ಎಂದರು.

"ಬರ್ತೀನಿ, ಹೆಂಡತಿ ಜೋಪಾನ ಅಂದವನು ಬಿಟ್ಟುಹೋದ ಅಂತ ಹೇಗಮ್ಮಾ ಆಗತ್ತೆ?" ನ್ಯಾಯಾಧೀಶರು ಬೈಂಡರಮ್ಮನ ಕಡೆ ತಿರುಗಿದರು. "ನೀವೇನಾದ್ರೂ ಹೇಳೋದಿದೆಯಾ?"

ಹಿಂದಿನ ಬೆಂಚಿನಿಂದ ಮೇಸ್ತ್ರಿ ಅರ್ಧ ಎದ್ದಿದ್ದ. ಆ ಫೋನು ಮಾಡಿದವನು ನಾನು ಎಂದು ಅವನು ಒಂದು ಮಾತು ಆಡಿದ್ದರೆ ಸಾಕಿತ್ತು. ಅತ್ತೆ ಮಾತ್ರ ಕಟಕಟೆಯಲ್ಲಿ ಸೆರಗಿನಿಂದ ಮುಖ ಒರೆಸಿಕೊಳ್ಳುತ್ತಿದ್ದಳು, ಮಗನ ಜೀವ ಉಳಿಸಿದ ನೆಮ್ಮದಿಯಲ್ಲಿ. ಅಷ್ಟು ಜನರ ಎದುರು ಆ ತಾಯಿಗೆ ಅವಳ ಮಗನ ಸಾವು ಹೇಳಬೇಕೇ? ಬೈಂಡರಮ್ಮ ಮೇಸ್ತ್ರಿಯನ್ನು ನೋಡಿ ಬೇಡವೆಂದು ತಲೆಯಾಡಿಸಿದಳು.

"ಏನೂ ಇಲ್ಲ ಸ್ವಾಮಿ."

ಅರ್ಜಿ ವಜಾ ಆಯಿತು.

ಹೊರಗೆ ಮೆಟ್ಟಿಲ ಬಳಿ ಮೇಸ್ತ್ರಿ ಅವಳನ್ನು ದಿಟ್ಟಿಸಿದ. "ಕೊನೇ ಫೋನು ಮಾಡಿ ಒಂದೂವರೆ ವರ್ಷ ಆಯ್ತು. ಇನ್ನೂ ಐದೂವರೆ ಕಾಯ್ಬೇಕು. ನಂಗೀಗಲೇ ನಲವತ್ತೇಳು. ನಾಳೆಯಿಂದ ಬೇರೆ ಅಂಗಡಿ ನೋಡ್ಕೋತೀನಿ. ದಿನಾ ನಿನ್ನ ಮುಖ ನೋಡ್ತಾ ಕೆಲಸ ಮಾಡೋಕೆ ನನ್ ಕೈಲಾಗಲ್ಲ," ಎಂದವನೇ ಮೆಟ್ಟಿಲಿಳಿದು ರಸ್ತೆಯ ಜನರಲ್ಲಿ ಸೇರಿಹೋದ. ಅವಳಿಗೆ ಕೂಗಿ ಕರೆಯಬೇಕೆನಿಸಿತು. ಕರೆದು ಏನು ಹೇಳುವುದು?

ಅಷ್ಟರಲ್ಲಿ ಅತ್ತೆ ಗೋಡೆ ಹಿಡಿದು ಬಂದು ಅವಳ ಕೈ ಹಿಡಿದುಕೊಂಡಳು. "ನನ್ನಿಂದ ನಿನ್ನ ಕೆಲಸ ಕೆಟ್ಟಿತೇನೋ, ಅಲ್ವೇನೇ? ಅಳಬೇಡ. ಮುಂದಿನ ಸಲ ಅವನು ಫೋನ್ ಮಾಡಿದಾಗ ನಿನ್ ಕೈಗೇ ಕೊಡ್ತೀನಿ. ಬಿಡುಗಡೆ ಬೇಕು ಅಂತ ನೀನೇ ಕೇಳು. ಇಲ್ಲ ಅನ್ನಲ್ಲ, ನನ್ನ ಮಗ ಒಳ್ಳೇವನು."