ಕಾದು ನಿಂತ ಸ್ವರ

ಆ ಕ್ರೈಸ್ತ ಸನ್ಯಾಸಿನಿಯರ ಮಠದಲ್ಲಿ ಅದುವರೆಗೆ ಎಲ್ಲರೂ ಒಂದೇ ದನಿಯಲ್ಲಿ ಹಾಡುತ್ತಿದ್ದರು. ಈ ಹಬ್ಬಕ್ಕೆ ತಾವಿಬ್ಬರೂ ಎರಡು ಬೇರೆ ದನಿಗಳಲ್ಲಿ ಹಾಡುತ್ತೇವೆಂದು ಕಿರಿಯ ಸನ್ಯಾಸಿನಿಯರಾದ ರಿಶಿಲ್ಡ್ ಮತ್ತು ಹೆರ್ಸೆಂಡ್ ಕೇಳಿಕೊಂಡಿದ್ದರು. "ಎರಡು ದನಿಯಂತೆ! ಒಂದು ಸಲ ತಪ್ಪಿದರೂ ಇವತ್ತಿಗೇ ಕೊನೆ," ಎಂದಿದ್ದರು ಹಿರಿಯ ಸನ್ಯಾಸಿನಿ.

"ನಾನು ಮೇಲಿನ ಸ್ವರಕ್ಕೆ ಹೋದಾಗ ಕುರಿಮರಿ ಹಾಗೆ ನನ್ನ ಹಿಂದೆ ಬಂದುಬಿಟ್ಟೀಯ!" ರಿಶಿಲ್ಡ್ ಪಿಸುಗುಟ್ಟಿದಳು.

"ನೀನು ಇಳಿಯೋ ದಾರಿ ಮರೀಬೇಡ, ಮಾರಾಯ್ತಿ," ಎಂದಳು ಹೆರ್ಸೆಂಡ್.

ಈಸ್ಟರ್ ಪ್ರಾರ್ಥನೆ ಶುರುವಾಯಿತು. ಹೆರ್ಸೆಂಡ್ ಕೆಳಗಿನ ಒಂದೇ ಸ್ವರವನ್ನು ಹಿಡಿದು ನಿಂತಳು. ರಿಶಿಲ್ಡ್‌ಳ ದನಿ ಅದರ ಮೇಲೆ ಹತ್ತುತ್ತಾ ಹೋಗಿ ತಟಕ್ಕನೆ ನಿಂತಿತು. ಮರೆತಿದ್ದಳು. ಹಿರಿಯ ಸನ್ಯಾಸಿನಿ ತಲೆ ಎತ್ತಿದರು.

ಹೆರ್ಸೆಂಡ್‌ಳ ಉಸಿರು ಮುಗಿಯುತ್ತಾ ಬಂದಿತ್ತು. ಆದರೂ ನಡೆಯಲು ಕಲಿಯುವ ಮಗುವಿಗೆ ಬೆರಳು ಚಾಚಿದಂತೆ ಆ ಸ್ವರವನ್ನು ಹಾಗೇ ಹಿಡಿದಿದ್ದಳು. ಕೊನೆಗೆ ರಿಶಿಲ್ಡ್ ಅದನ್ನೇ ಹಿಡಿದು ಮೆಲ್ಲಗೆ ಇಳಿದು ಬಂದಳು.

"ನಡುವೆ ಒಂದು ದನಿ ಇನ್ನೊಂದಕ್ಕೆ ಕಾಯಿತಲ್ಲ, ಚೆನ್ನಾಗಿತ್ತು," ಎಂದರು ಹಿರಿಯ ಸನ್ಯಾಸಿನಿ, ಪ್ರಾರ್ಥನೆ ಮುಗಿದ ಮೇಲೆ. "ಮುಂದಿನ ಹಬ್ಬಕ್ಕೂ ಹಾಗೇ ಇರಲಿ."